ಕೊಂದವನ ಹೆಸರು ಗೊತ್ತು, ಸತ್ತವರ ಹೆಸರು?

(ಪತ್ರಿಕಾ ದಿನಾಚರಣೆಯ ಸಮಾರಂಭದಲ್ಲಿ ಕೊಪ್ಪದಲ್ಲಿ ಆಡಿದ ಮಾತು)



ಜುಲೈ ತಿಂಗಳು, ಮಲೆನಾಡಿನ ಮಳೆ, ತೋಟದಲ್ಲಿ ಕೊಳೆರೋಗಕ್ಕೆ ಔಷಧಿ ಹೊಡೆಯೋ ಸಮಯ. ಇಷ್ಟೆಲ್ಲ ಇದ್ದೂ ಈ ಸಭಾಂಗಣ ತುಂಬಿದೆ. ಹಾಗಾಗಿ ನಿಮ್ಮ ಸಮಯ ಹಾಳು ಮಾಡೋದಿಲ್ಲ. ನೇರವಾಗಿ ವಿಷಯಕ್ಕೆ ಬರ್ತೀನಿ.

ವೀರಪ್ಪನ್ ಯಾರು ಅಂತ ಗೊತ್ತಿರೋರು ಕೈ ಎತ್ತಿ ಅಂದರೆ ಇಲ್ಲಿರೋ ಎಲ್ಲರೂ ಎತ್ತುತ್ತೀರಿ. ಶಾಲೆಗೆ ಹೋಗೋ ಮಗು ಕೂಡ ಎತ್ತುತ್ತೆ. ಆ ಮೀಸೆ ಎಲ್ಲರಿಗೂ ಗೊತ್ತು. ಹಾಗಾದ್ರೆ ಪಿ. ಶ್ರೀನಿವಾಸ್ ಯಾರು? ಹರಿಕೃಷ್ಣ ಯಾರು? ಶಕೀಲ್ ಅಹಮದ್ ಯಾರು? ಈಗ ಕೈಗಳು ಕಡಿಮೆ ಆಗ್ತವೆ. ಇದು ನಿಮ್ಮ ತಪ್ಪಲ್ಲ. ನಿಮಗೆ ಕಥೆ ಹೇಳಿದವರು ಯಾವ ಹೆಸರನ್ನು ಎಷ್ಟು ಸಲ ಹೇಳಿದರು ಅನ್ನೋದರ ಫಲ ಇದು.

ಶ್ರೀನಿವಾಸ್ ಭಾರತೀಯ ಅರಣ್ಯ ಸೇವೆಯ ಅಧಿಕಾರಿ. ವೀರಪ್ಪನ್ ಹುಟ್ಟಿದ ಗೋಪಿನಾಥಂಗೇ ಹೋಗಿ, ಆ ಊರಿನವರ ವಿಶ್ವಾಸ ಗಳಿಸಿ, ಅಲ್ಲಿ ಮಾರಿಯಮ್ಮನ ಗುಡಿ ಕಟ್ಟಿಸಿದ ಮನುಷ್ಯ. ವೀರಪ್ಪನ್ ಶರಣಾಗ್ತಾನೆ ಅನ್ನೋ ಮಾತು ನಂಬಿ ಕಾಡಿಗೆ ಹೋದರು. 1991ರ ನವೆಂಬರ್ 10ರಂದು ಅವರನ್ನು ಕೊಂದು ತಲೆ ಕತ್ತರಿಸಲಾಯಿತು. ಮರಣೋತ್ತರವಾಗಿ ಕೀರ್ತಿಚಕ್ರ ಬಂತು. ಎಸ್ಪಿ ಹರಿಕೃಷ್ಣ ಮತ್ತು ಸಬ್ ಇನ್ಸ್‌ಪೆಕ್ಟರ್ ಶಕೀಲ್ ಅಹಮದ್ 1992ರ ಆಗಸ್ಟ್ 14ರಂದು ವೀರಪ್ಪನ್ ಹೊಂಚಿಗೆ ಸಿಕ್ಕಿ ಪ್ರಾಣ ಬಿಟ್ಟರು. ಮಾರನೇ ದಿನ ಸ್ವಾತಂತ್ರ್ಯ ದಿನಾಚರಣೆ. ಮುಂದಿನ ವರ್ಷ ಏಪ್ರಿಲ್ 9ಕ್ಕೆ ಪಾಲಾರ್ ಸ್ಫೋಟ, 22 ಜನ ಹೋದರು. ಆ 22 ಜನರಲ್ಲಿ ಒಬ್ಬರ ಹೆಸರು ಹೇಳಿ ಅಂದ್ರೆ ನಮ್ಮ ನ್ಯೂಸ್ ರೂಮುಗಳಲ್ಲೇ ಎಷ್ಟು ಜನ ಹೇಳಿಯಾರು?

ಇವತ್ತಿನ ನನ್ನ ವಿಷಯ ವೀರಪ್ಪನ್ ಅಲ್ಲ. ಅವನಂಥವರ ಕಥೆಯನ್ನು ತೆರೆ ಮೇಲೆ ಹೇಳೋದನ್ನೇ ವೃತ್ತಿ ಮಾಡಿಕೊಂಡವರು. ನಿಜವಾಗಿ ನಡೆದ ಅಪರಾಧಗಳ ಸಾಕ್ಷ್ಯಚಿತ್ರ ತೆಗೆಯೋರು. ಈ ಕೆಲಸ ಹೇಗೆ ನಡೆಯುತ್ತೆ, ಇದರಿಂದ ಯಾರಿಗೆ ಲಾಭ, ಯಾರಿಗೆ ನೋವು? ಇದನ್ನು ಕೊಪ್ಪದಲ್ಲೇ ನಿಂತು ಯಾಕೆ ಮಾತಾಡಬೇಕು ಅಂತ ಕೊನೆಗೆ ಹೇಳ್ತೀನಿ. ಕಾರಣ ಇದೆ.

ಕನ್ನಡಕ್ಕೆ ಇದು ಹೊಸದಲ್ಲ. ಈಟಿವಿ ಕನ್ನಡದಲ್ಲಿ ರವಿ ಬೆಳಗೆರೆಯವರ ‘ಕ್ರೈಂ ಡೈರಿ’, ಉದಯ ಟಿವಿಯಲ್ಲಿ ಬಾಲಕೃಷ್ಣ ಕಾಕತ್ಕರ್ ಅವರ ‘ಕ್ರೈಂ ಸ್ಟೋರಿ’ ನಿಮಗೆ ನೆನಪಿರಬಹುದು. ರಾತ್ರಿ ಊಟ ಮುಗಿಸಿ ಇಡೀ ಮನೆ ಕೂತು ನೋಡ್ತಿತ್ತು. ಸಿನಿಮಾದಲ್ಲಿ ಎ.ಎಂ.ಆರ್. ರಮೇಶ್ ಇದೇ ದಾರಿ ಹಿಡಿದರು. 2006ರ ‘ಸೈನೈಡ್’ ನೋಡಿದೀರಲ್ಲ? ರಾಜೀವ್ ಗಾಂಧಿ ಹತ್ಯೆಯ ಶಿವರಾಸನ್ ತಂಡ ಬೆಂಗಳೂರಿನಲ್ಲಿ ಅಡಗಿದ್ದು, 1991ರ ಆಗಸ್ಟ್ 20ರಂದು ಕೋಣನಕುಂಟೆಯ ಮನೆಯೊಂದರಲ್ಲಿ ಎಲ್ಲರೂ ಹೆಣವಾಗಿ ಸಿಕ್ಕಿದ್ದು ಅದರ ಕಥೆ. ಆಮೇಲೆ 2013ರಲ್ಲಿ ವೀರಪ್ಪನ್ ಮೇಲೆ ‘ಅಟ್ಟಹಾಸ’ ಬಂತು. ಕಿಶೋರ್ ವೀರಪ್ಪನ್ ಆಗಿದ್ದರು. ಆ ಸಿನಿಮಾ ಥಿಯೇಟರಿಗೆ ಬರೋ ಮುಂಚೆ ಕೋರ್ಟಿಗೆ ಹೋಯಿತು. ವೀರಪ್ಪನ್ ಪತ್ನಿ ಮುತ್ತುಲಕ್ಷ್ಮಿ, ‘ಇದು ನನ್ನ ಬದುಕು, ನನ್ನನ್ನು ಕೇಳದೆ ಹೇಗೆ ತೋರಿಸ್ತೀರಿ’ ಅನ್ನೋ ಅರ್ಥದಲ್ಲಿ ಸುಪ್ರೀಂ ಕೋರ್ಟ್‌ವರೆಗೂ ಹೋದರು. ಕೊನೆಗೆ ಅವರಿಗೆ 25 ಲಕ್ಷ ಪರಿಹಾರ ಕೊಡಬೇಕು ಅನ್ನೋ ಷರತ್ತಿನ ಮೇಲೆ ಚಿತ್ರ ಬಿಡುಗಡೆ ಆಯಿತು.

ಹತ್ತು ವರ್ಷದ ನಂತರ ಅದೇ ಮುತ್ತುಲಕ್ಷ್ಮಿ ಕ್ಯಾಮೆರಾ ಮುಂದೆ ತಾವೇ ಕೂತು ಮಾತಾಡಿದರು. 2023ರ ಆಗಸ್ಟ್ 4ರಂದು ನೆಟ್‌ಫ್ಲಿಕ್ಸ್‌ನಲ್ಲಿ ಬಂದ ‘ದಿ ಹಂಟ್ ಫಾರ್ ವೀರಪ್ಪನ್’, ನಾಲ್ಕು ಕಂತಿನ ಸಾಕ್ಷ್ಯಚಿತ್ರ. ನಿರ್ದೇಶಕ ಸೆಲ್ವಮಣಿ ಸೆಲ್ವರಾಜ್. ಅದಕ್ಕೆ ಮುಂಚೆ ‘ನಿಲಾ’ ಅನ್ನೋ ಸಣ್ಣ ತಮಿಳು ಚಿತ್ರ ಮಾಡಿದ್ದವರು. ಈ ನಾಲ್ಕು ಕಂತು ಅವರ ವೃತ್ತಿಯನ್ನೇ ಬದಲಿಸಿತು. ದೇಶದ ತುಂಬ ಹೆಸರಾಯಿತು. 2025ರ ನವೆಂಬರ್‌ನಲ್ಲಿ ದುಲ್ಕರ್ ಸಲ್ಮಾನ್ ನಟಿಸಿದ ‘ಕಾಂತ’ ಬಂತು. ಅದು ಕಥಾಚಿತ್ರ, 1950ರ ದಶಕದ ಮದ್ರಾಸಿನ ಚಿತ್ರರಂಗ, ಅಲ್ಲೊಂದು ಕೊಲೆ. ಅಲ್ಲೂ ಬಿಡುಗಡೆಗೆ ಮುಂಚೆ ಹಳೇ ಕಾಲದ ತಮಿಳು ತಾರೆ ತ್ಯಾಗರಾಜ ಭಾಗವತರ್ ಅವರ ಮೊಮ್ಮಗ ಚೆನ್ನೈನಲ್ಲಿ ಕೋರ್ಟಿಗೆ ಹೋದರು, ಇದು ನಮ್ಮ ತಾತನ ಬದುಕಿನ ಮೇಲೆ ಮಾಡಿದ್ದು ಅಂತ.

ಗಮನಿಸಿ. ಅಪರಾಧದ ಕಥೆ ಹೇಳೋನ ವೃತ್ತಿಯಲ್ಲಿ ಒಂದು ಕಾಲು ಎಡಿಟಿಂಗ್ ರೂಮಿನಲ್ಲಿ, ಇನ್ನೊಂದು ಕಾಲು ಕೋರ್ಟಿನಲ್ಲಿ. ಯಾಕೆ? ಯಾಕಂದ್ರೆ ಅವನು ಮಾರೋ ಸರಕು ಬೇರೆಯವರ ಬದುಕು.

ಇಲ್ಲಿ ಒಂದು ಮಾತು ಹೇಳಬೇಕು. ಸೆಲ್ವಮಣಿ ಅವರ ಸಾಕ್ಷ್ಯಚಿತ್ರ ನನಗೆ ಹಿಡಿಸಿತು. ಕಾರಣ ಇಷ್ಟೇ. ಅದರಲ್ಲಿ ಪತ್ನಿಯ ಮಾತೂ ಇದೆ, ಬೆನ್ನಟ್ಟಿದ ಪೊಲೀಸರ ಮಾತೂ ಇದೆ, ಅರಣ್ಯ ಅಧಿಕಾರಿಗಳು, ಪತ್ರಕರ್ತರು, ಅವನ ಜೊತೆಗಿದ್ದವರು, ಮಧ್ಯೆ ಸಿಕ್ಕಿ ನರಳಿದ ಹಳ್ಳಿಗರು ಎಲ್ಲರೂ ಇದ್ದಾರೆ. ಮಲೆ ಮಹದೇಶ್ವರ ಬೆಟ್ಟದಲ್ಲಿ ‘ವರ್ಕ್‌ಶಾಪ್’ ಅಂತ ಕರೆಯಲ್ಪಡ್ತಿದ್ದ ಚಿತ್ರಹಿಂಸೆಯ ಜಾಗದ ವಿಷಯ ನಮ್ಮ ಟಿವಿಗಳಲ್ಲಿ ಎಷ್ಟು ಬಂದಿತ್ತು ಹೇಳಿ? ನ್ಯಾಯಮೂರ್ತಿ ಎ.ಜೆ. ಸದಾಶಿವ ಅವರ ಸಮಿತಿ ಅದನ್ನೆಲ್ಲ ವಿಚಾರಿಸಿತು. 2007ರಲ್ಲಿ ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ 89 ಜನರಿಗೆ ಒಟ್ಟು 2.80 ಕೋಟಿ ರೂಪಾಯಿ ಪರಿಹಾರ ಕೊಡಿಸೋಕೆ ಹೇಳಿತು. ವೀರಪ್ಪನ್ ಕೊಂದವರು ಒಂದು ಕಡೆ, ವೀರಪ್ಪನ್ ಹೆಸರಲ್ಲಿ ಪೆಟ್ಟು ತಿಂದವರು ಇನ್ನೊಂದು ಕಡೆ. ಎರಡನ್ನೂ ಹೇಳಿದರೇ ಕಥೆ ಪೂರ್ತಿ.

ಆದರೂ ನನಗೊಂದು ತಕರಾರಿದೆ. ಪತ್ನಿಗೆ ಸಿಕ್ಕಷ್ಟು ಹೊತ್ತು ಶ್ರೀನಿವಾಸ್ ಅವರ ಮನೆಯವರಿಗೆ, ಪಾಲಾರ್‌ನಲ್ಲಿ ಸತ್ತವರ ಮಕ್ಕಳಿಗೆ ಸಿಗಲಿಲ್ಲ. ವೀರಪ್ಪನ್ ತೆರೆ ತುಂಬಿಕೊಂಡ. ಇದು ಒಬ್ಬ ನಿರ್ದೇಶಕನ ದೋಷ ಅಂತ ನಾನು ಹೇಳಲ್ಲ. ಈ ವೃತ್ತಿಯ ಒಳಗೇ ಇರೋ ತೊಡಕು ಇದು. ಸ್ವಲ್ಪ ಬಿಡಿಸಿ ಹೇಳ್ತೀನಿ.

ಸಾಕ್ಷ್ಯಚಿತ್ರ ಮಾಡೋನಿಗೆ ಮೊದಲು ಬೇಕಾಗಿರೋದು ಒಳಗೆ ಬಿಡೋ ಬಾಗಿಲು. ಯಾರೋ ಒಬ್ಬರು ಬಾಗಿಲು ತೆಗೀಬೇಕು. ತೆಗೆದವರ ಋಣ ಅವನ ಮೇಲೆ ಬೀಳುತ್ತೆ. ಬಾಗಿಲು ತೆಗೆದದ್ದು ಯಾರು ಅಂತ ಗೊತ್ತಾದರೆ ಆ ಚಿತ್ರ ಯಾವ ಕಡೆ ವಾಲುತ್ತೆ ಅಂತ ಅರ್ಧ ಗೊತ್ತಾದ ಹಾಗೆ.

ಪೊಲೀಸರು ಬಾಗಿಲು ತೆಗೆದ ಉದಾಹರಣೆ ನಮ್ಮ ಬೆಂಗಳೂರಿನದೇ. 2021ರಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ‘ಕ್ರೈಂ ಸ್ಟೋರೀಸ್: ಇಂಡಿಯಾ ಡಿಟೆಕ್ಟಿವ್ಸ್’ ಅಂತ ಬಂತು. ಬೆಂಗಳೂರು ಪೊಲೀಸರ ತನಿಖೆಯ ಜೊತೆಜೊತೆಗೇ ಕ್ಯಾಮೆರಾ. ಠಾಣೆ ಒಳಗೆ ಕ್ಯಾಮೆರಾ, ವಿಚಾರಣೆಯಲ್ಲಿ ಕ್ಯಾಮೆರಾ. ನೋಡೋಕೆ ರೋಮಾಂಚನ, ನಿಜ. ಆದರೆ ಮೊದಲನೇ ಕಂತಿನ ಪ್ರಕರಣದ ಆರೋಪಿಯೊಬ್ಬರು ಹೈಕೋರ್ಟಿಗೆ ಹೋದರು. ನನ್ನ ವಿಚಾರಣೆ ಇನ್ನೂ ಮುಗಿದಿಲ್ಲ, ಇದನ್ನು ತೋರಿಸಿದರೆ ನನಗೆ ನ್ಯಾಯ ಹೇಗೆ ಸಿಗುತ್ತೆ ಅಂತ. ಕರ್ನಾಟಕ ಹೈಕೋರ್ಟ್ ಮಧ್ಯಂತರ ಆದೇಶ ಕೊಟ್ಟು ಆ ಕಂತಿನ ಪ್ರಸಾರ ತಡೆಯಿತು.

‘ಅಯ್ಯೋ, ಅವನೇ ಒಪ್ಕೊಂಡಿದ್ದಾನಲ್ಲ ಸಾರ್’ ಅಂತ ಕೆಲವರು ಹೇಳ್ತಾರೆ. ಒಂದ್ನಿಮಿಷ. ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯನ್ನು ಆರೋಪಿಯ ವಿರುದ್ಧ ಸಾಕ್ಷ್ಯವಾಗಿ ಬಳಸೋ ಹಾಗಿಲ್ಲ. ಹಳೇ ಸಾಕ್ಷ್ಯ ಕಾಯ್ದೆಯ 25ನೇ ಸೆಕ್ಷನ್ ಅದನ್ನೇ ಹೇಳ್ತಿತ್ತು, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮದ 23ನೇ ಸೆಕ್ಷನ್ ಕೂಡ ಅದನ್ನೇ ಹೇಳುತ್ತೆ. ಬ್ರಿಟಿಷರ ಕಾಲದಲ್ಲೇ ಗೊತ್ತಿತ್ತು, ಠಾಣೆಯ ನಾಲ್ಕು ಗೋಡೆ ಮಧ್ಯೆ ಬಾಯಿ ಹೇಗೆ ಬಿಡಿಸ್ತಾರೆ ಅಂತ. ನ್ಯಾಯಾಧೀಶರು ಪರಿಗಣಿಸಬಾರದು ಅಂತ ಕಾನೂನು ಹೇಳೋ ಮಾತನ್ನು ಕೋಟಿ ಜನರ ಮುಂದೆ ಹಿನ್ನೆಲೆ ಸಂಗೀತ ಹಾಕಿ ತೋರಿಸಿದರೆ ಏನಾಗುತ್ತೆ? ಕೋರ್ಟಿನಲ್ಲಿ ಆತ ಖುಲಾಸೆ ಆದರೂ ಊರಲ್ಲಿ ಆಗಲ್ಲ.

ಇನ್ನು ಶಿಕ್ಷೆ ಆದವನೇ ಬಾಗಿಲು ತೆಗೆದ ಉದಾಹರಣೆ. 2023ರಲ್ಲಿ ಅಮೆಜಾನ್ ಪ್ರೈಮ್‌ನಲ್ಲಿ ಬಂದ ‘ಡ್ಯಾನ್ಸಿಂಗ್ ಆನ್ ದಿ ಗ್ರೇವ್’. ಮೈಸೂರು ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗಳು ಶಕೀರಾ 1991ರಲ್ಲಿ ಕಾಣೆಯಾದರು. ಮೂರು ವರ್ಷ ಕಳೆದ ಮೇಲೆ ಬೆಂಗಳೂರಿನ ರಿಚ್ಮಂಡ್ ರಸ್ತೆಯ ಅವರದೇ ಮನೆ ಆವರಣದಲ್ಲಿ ಶವ ಸಿಕ್ಕಿತು. ಎರಡನೇ ಗಂಡ ಶ್ರದ್ಧಾನಂದನಿಗೆ ಮರಣದಂಡನೆ ಆಗಿ, 2008ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಬದುಕಿರೋವರೆಗೂ ಜೈಲು ಅಂತ ಬದಲಿಸಿತು. ಸಾಕ್ಷ್ಯಚಿತ್ರದಲ್ಲಿ ಆತನೂ ಮಾತಾಡ್ತಾನೆ. ನಾನು ನಿರಪರಾಧಿ ಅಂತಾನೆ. ಎಲ್ಲ ಕೋರ್ಟುಗಳೂ ತೀರ್ಪು ಕೊಟ್ಟಾದ ಮೇಲೆ, ಸತ್ತ ಹೆಣ್ಣುಮಗಳು ಎದ್ದು ಬಂದು ಉತ್ತರ ಕೊಡಲಾರಳು ಅನ್ನುವಾಗ, ಕೊಂದವನಿಗೆ ಎಷ್ಟು ನಿಮಿಷ ಕೊಡಬೇಕು? ಇದಕ್ಕೆ ಲೆಕ್ಕದ ಸೂತ್ರ ಇಲ್ಲ. ಆದರೆ ಪ್ರಶ್ನೆ ಕೇಳಿಕೊಳ್ಳದೆ ಕ್ಯಾಮೆರಾ ಆನ್ ಮಾಡೋ ಹಾಗಿಲ್ಲ.

ಯಾರೂ ಬಾಗಿಲು ತೆಗೆಯದಿದ್ದಾಗ ತಾನೇ ಅಗೆದು ಒಳಗೆ ಹೋದವರೂ ಇದ್ದಾರೆ. ಅಮೆರಿಕದ ಎರಲ್ ಮಾರಿಸ್. ಸಾಕ್ಷ್ಯಚಿತ್ರದ ನಡುವೆ ಹೊಟ್ಟೆಪಾಡಿಗೆ ಖಾಸಗಿ ಪತ್ತೇದಾರನಾಗಿ ಕೆಲಸ ಮಾಡಿದ್ದ ಮನುಷ್ಯ. ಟೆಕ್ಸಾಸ್‌ಗೆ ಹೋಗಿದ್ದು ಒಬ್ಬ ಮನೋವೈದ್ಯನ ಬಗ್ಗೆ ಚಿತ್ರ ಮಾಡೋಕೆ. ಮರಣದಂಡನೆ ಪ್ರಕರಣಗಳಲ್ಲಿ ಸರ್ಕಾರದ ಪರ ಸಾಕ್ಷಿ ಹೇಳಿ ಹೇಳಿ ಹೆಸರಾದ ವೈದ್ಯ ಆತ. ಅಲ್ಲಿ ಜೈಲಿನಲ್ಲಿ ರಾಂಡಲ್ ಡೇಲ್ ಆಡಮ್ಸ್ ಸಿಕ್ಕಿದ. 1976ರಲ್ಲಿ ಡಲ್ಲಾಸ್‌ನ ಪೊಲೀಸ್ ಅಧಿಕಾರಿಯೊಬ್ಬನನ್ನು ಕೊಂದ ಆರೋಪ, ಮರಣದಂಡನೆ ಆಗಿ ಜೀವಾವಧಿಗೆ ಇಳಿದಿತ್ತು. ಮಾರಿಸ್ ದಾಖಲೆ ತೆಗೆದು ಓದಿದ. ಸಾಕ್ಷಿಗಳನ್ನು ಹುಡುಕಿ ಕೂರಿಸಿ ಮಾತಾಡಿಸಿದ. ಒಬ್ಬೊಬ್ಬರ ಸಾಕ್ಷ್ಯವೂ ಕಳಚಿ ಬಿತ್ತು. 1988ರಲ್ಲಿ ‘ದಿ ಥಿನ್ ಬ್ಲೂ ಲೈನ್’ ಬಂತು, 1989ರಲ್ಲಿ ಆಡಮ್ಸ್ ಬಿಡುಗಡೆ ಆದ. ಒಂದು ಸಾಕ್ಷ್ಯಚಿತ್ರ ಒಬ್ಬ ಮನುಷ್ಯನನ್ನು ಜೈಲಿನಿಂದ ಹೊರಗೆ ತಂದಿತು.

ಕಥೆ ಇಲ್ಲಿಗೇ ಮುಗಿದಿದ್ದರೆ ಚೆನ್ನಾಗಿತ್ತು. ಹೊರಗೆ ಬಂದ ಆಡಮ್ಸ್ ಅದೇ ಮಾರಿಸ್ ಮೇಲೆ ಕೇಸು ಹಾಕಿದ. ಯಾವುದಕ್ಕೆ ಗೊತ್ತಾ? ತನ್ನ ಬದುಕಿನ ಕಥೆಯ ಹಕ್ಕು ತನಗೆ ವಾಪಸ್ ಬೇಕು ಅಂತ. ಕೃತಘ್ನ ಅಂತ ಬೈದವರು ಇದ್ದರು. ನನಗೆ ಹಾಗನ್ನಿಸಲ್ಲ. ಹನ್ನೆರಡು ವರ್ಷ ಸರ್ಕಾರ ಅವನ ಬದುಕನ್ನು ಇಟ್ಟುಕೊಂಡಿತ್ತು. ಹೊರಗೆ ಬಂದ ಮೇಲೂ ಅದು ಇನ್ನೊಬ್ಬರ ಕಾಗದದಲ್ಲಿ ಇದೆ ಅಂದಾಗ ಅವನಿಗೆ ಹೇಗಾಗಿರಬೇಕು?

ನಾನು ಓದಿದ್ದು ಎಂಜಿನಿಯರಿಂಗ್. ಇಲ್ಲಿರೋ ಎಂಜಿನಿಯರಿಂಗ್ ಮಕ್ಕಳಿಗೆ ಲ್ಯಾಬ್ ರೆಕಾರ್ಡ್ ಕಷ್ಟ ಗೊತ್ತಿರುತ್ತೆ. ಪ್ರಯೋಗ ಮಾಡಬೇಕು, ರೀಡಿಂಗ್ ಬರ್ಕೋಬೇಕು, ಆಮೇಲೆ ಗ್ರಾಫ್ ಎಳೀಬೇಕು. ಪ್ರತಿ ಬ್ಯಾಚಿನಲ್ಲೂ ಒಂದಿಬ್ಬರು ಬುದ್ಧಿವಂತರು ಇರ್ತಾರೆ. ಅವರು ಮೊದಲು ಚೆಂದದ ಗ್ರಾಫ್ ಎಳೆದು, ಆ ಗೆರೆ ಮೇಲೆ ಬರೋ ಹಾಗೆ ರೀಡಿಂಗ್ ಬರೀತಾರೆ. ಮಾರ್ಕ್ಸ್ ಅವರಿಗೇ ಜಾಸ್ತಿ! ಅಪರಾಧದ ಸಾಕ್ಷ್ಯಚಿತ್ರದಲ್ಲೂ ಇದೇ ಅಪಾಯ. ‘ಇವನೇ ಕೊಂದಿದ್ದು’ ಅಂತ ಗೆರೆ ಎಳೆದಾಗಿರುತ್ತೆ. ಆಮೇಲೆ ಆ ಗೆರೆಗೆ ಹೊಂದೋ ಮಾತುಗಳನ್ನು ಮಾತ್ರ ಆರಿಸ್ತಾರೆ.

2015ರಲ್ಲಿ ಅಮೆರಿಕದಲ್ಲಿ ‘ದಿ ಜಿಂಕ್ಸ್’ ಅಂತ ಬಂತು. ರಾಬರ್ಟ್ ಡರ್ಸ್ಟ್ ಅನ್ನೋ ಶ್ರೀಮಂತನ ಕಥೆ. ಕೊನೇ ಕಂತಿನಲ್ಲಿ ಆತ ಶೌಚಾಲಯಕ್ಕೆ ಹೋಗ್ತಾನೆ, ಕಾಲರ್ ಮೈಕ್ ಆನ್ ಇರುತ್ತೆ, ಒಳಗೆ ತನ್ನಷ್ಟಕ್ಕೇ ಗೊಣಗ್ತಾನೆ. ನಾನೇ ಎಲ್ಲರನ್ನೂ ಕೊಂದೆ ಅಂತ ಒಪ್ಪಿಕೊಂಡ ಹಾಗೆ ಕೇಳುತ್ತೆ. ಜಗತ್ತೇ ಬೆಚ್ಚಿಬಿತ್ತು. ಆ ಕಂತು ಪ್ರಸಾರ ಆಗೋ ಹಿಂದಿನ ದಿನ ಆತನ ಬಂಧನ ಆಗಿತ್ತು. ನಾಲ್ಕು ವರ್ಷ ಬಿಟ್ಟು, 2019ರಲ್ಲಿ, ಕೋರ್ಟಿಗೆ ಕೊಟ್ಟ ಪೂರ್ತಿ ಧ್ವನಿಯ ಲಿಖಿತ ರೂಪ ಹೊರಬಂದಾಗ ಗೊತ್ತಾಯಿತು, ಆ ವಾಕ್ಯಗಳನ್ನು ಆತ ಆಡಿದ ಕ್ರಮದಲ್ಲಿ ಇಟ್ಟಿರಲಿಲ್ಲ. ಎಡಿಟಿಂಗ್‌ನಲ್ಲಿ ಹಿಂದೆ ಮುಂದೆ ಆಗಿತ್ತು. 2021ರಲ್ಲಿ ಆತನಿಗೆ ಕೊಲೆ ಪ್ರಕರಣದಲ್ಲಿ ಶಿಕ್ಷೆ ಆಯಿತು, ಸರಿ. ಆದರೆ ಗ್ರಾಫಿಗೆ ತಕ್ಕ ಹಾಗೆ ರೀಡಿಂಗ್ ಜರುಗಿಸಿದ್ದು ಜರುಗಿಸಿದ್ದೇ. ಉತ್ತರ ಸರಿ ಬಂತು ಅಂದಮಾತ್ರಕ್ಕೆ ಲೆಕ್ಕ ಮಾಡಿದ ರೀತಿ ಸರಿ ಆಗಲ್ಲ.

ಈಗ ಕೊಪ್ಪಕ್ಕೆ ಬರ್ತೀನಿ.

ನಿಮ್ಮ ಈ ಕಾಡಿನಲ್ಲಿ ಇಪ್ಪತ್ತು ವರ್ಷಕ್ಕೂ ಮೀರಿ ಒಂದು ಕಥೆ ನಡೆದಿದೆ. ಕುದುರೆಮುಖ ರಾಷ್ಟ್ರೀಯ ಉದ್ಯಾನ, ಒಕ್ಕಲೆಬ್ಬಿಸೋ ಭಯ, ಆ ಭಯದ ಜಾಗಕ್ಕೆ ಬಂದ ಬಂದೂಕು. 2003ರ ನವೆಂಬರ್‌ನಲ್ಲಿ ಕಾರ್ಕಳದ ಈದುವಿನಲ್ಲಿ ಇಬ್ಬರು ಯುವತಿಯರು ಗುಂಡಿಗೆ ಬಿದ್ದರು. 2005ರ ಫೆಬ್ರವರಿ 6ರಂದು ಮೆಣಸಿನಹಾಡ್ಯ ಹತ್ತಿರದ ಬಲಿಗೆಯಲ್ಲಿ ಸಾಕೇತ್ ರಾಜನ್ ಸತ್ತರು. ಅದಾಗಿ ವಾರದೊಳಗೆ ಪಾವಗಡದ ವೆಂಕಟಮ್ಮನಹಳ್ಳಿಯಲ್ಲಿ ಮಲಗಿದ್ದ ಕೆಎಸ್ಆರ್‌ಪಿ ಪೊಲೀಸರ ಮೇಲೆ ದಾಳಿ ಆಯಿತು. 2024ರ ನವೆಂಬರ್ 18ರಂದು ಹೆಬ್ರಿಯ ಕಬ್ಬಿನಾಲೆಯಲ್ಲಿ ವಿಕ್ರಂ ಗೌಡ. 2025ರ ಜನವರಿ 8ರಂದು ಬೆಂಗಳೂರಿನಲ್ಲಿ ಮುಖ್ಯಮಂತ್ರಿ ಎದುರು ಆರು ಜನ ಶರಣಾದರು. ಅವರಲ್ಲಿ ಶೃಂಗೇರಿ ತಾಲೂಕಿನ ಮುಂಡಗಾರಿನವರೂ ಇದ್ದರು. ಮುಂದಿನ ತಿಂಗಳು ಉಳಿದವರೂ ಬಂದ ಮೇಲೆ ರಾಜ್ಯ ನಕ್ಸಲ್ ಮುಕ್ತ ಅಂತ ಸರ್ಕಾರ ಹೇಳಿತು.

ಸಾಕ್ಷ್ಯಚಿತ್ರದವರ ಕಣ್ಣಿಂದ ಇದನ್ನು ನೋಡಿ. ಕಾಡಿದೆ, ಮಳೆಯಿದೆ, ಬಂದೂಕಿದೆ, ಶರಣಾಗತಿಯ ಕೊನೆಯೂ ಇದೆ. ನಾಲ್ಕು ಕಂತಿಗೆ ಹೇಳಿ ಮಾಡಿಸಿದ ಹಾಗಿದೆ. ಇವತ್ತಲ್ಲ ನಾಳೆ ಒಂದು ಇನ್ನೋವಾ ನಿಮ್ಮ ಊರಿನ ತಿರುವಿನಲ್ಲಿ ನಿಲ್ಲುತ್ತೆ. ಮೇಲಿಂದ ಡ್ರೋನ್ ಹಾರುತ್ತೆ. ಬರೋದು ತಪ್ಪಲ್ಲ, ಬರಲೇಬೇಕು. ಈ ಕಥೆ ಹೇಳದೆ ಬಿಡೋ ಹಾಗಿಲ್ಲ. ಆದರೆ ಅವರು ಯಾರ ಬಾಗಿಲು ತಟ್ಟುತ್ತಾರೆ? ಶರಣಾದವರದು, ಪೊಲೀಸ್ ಅಧಿಕಾರಿಗಳದು. ಇಷ್ಟಕ್ಕೇ ಕಥೆ ಸಿದ್ಧ ಆಗಿಬಿಡುತ್ತೆ. ರಾತ್ರಿ ಬಂದವರಿಗೆ ಅನ್ನ ಹಾಕಿದ್ರೆ ಬೆಳಗ್ಗೆ ಜೀಪು, ಹಾಕದಿದ್ದರೆ ರಾತ್ರಿಯೇ ಭಯ ಅಂತ ಬದುಕಿದ ಮನೆಗಳು ಇಲ್ಲೇ ಇವೆ. ಮಾಹಿತಿದಾರ ಅನ್ನೋ ಹಣೆಪಟ್ಟಿ ಹಚ್ಚಿಸಿಕೊಂಡು ಸತ್ತವರ ಮನೆಗಳಿವೆ. ಗುಂಡಿಗೆ ಬಿದ್ದ ಪೇದೆಯ ಮನೆ ಇದೆ. ಮಗಳು ಕಾಡಿಗೆ ಹೋದಳು ಅಂತ ವರ್ಷಗಟ್ಟಲೆ ವಿಚಾರಣೆ ಎದುರಿಸಿದ ಅಪ್ಪ ಅಮ್ಮ ಇದ್ದಾರೆ. ಇವರ ಬಾಗಿಲು ಯಾರು ತಟ್ಟುತ್ತಾರೆ?

ಪತ್ರಕರ್ತ ಮಿತ್ರರಿಗೆ ಒಂದು ಮಾತು. ಹೊರಗಿನ ತಂಡ ಬಂದರೆ ಅವರಿಗೆ ದಾರಿ ತೋರಿಸೋರು ನೀವೇ. ನಂಬರ್ ಕೊಡೋರು ನೀವೇ. ಎಫ್ಐಆರ್, ಆರೋಪಪಟ್ಟಿ, ತೀರ್ಪು, ಈ ಮೂರನ್ನು ಓದಿ ಬಂದಿದ್ದೀರಾ ಅಂತ ಮೊದಲು ಕೇಳಿ. ಓದದೆ ಬಂದಿದ್ದರೆ ಒಂದು ಕಾಫಿ ಕುಡಿಸಿ ಕಳಿಸಿ. ಲೈಂಗಿಕ ದೌರ್ಜನ್ಯದ ಪ್ರಕರಣ ಆದರೆ ಸಂತ್ರಸ್ತೆಯ ಗುರುತು ಬಿಟ್ಟುಕೊಡೋದು ಅಪರಾಧ, ಭಾರತೀಯ ನ್ಯಾಯ ಸಂಹಿತೆಯ 72ನೇ ಸೆಕ್ಷನ್. ಹೆಸರು ಹೇಳದೆ ಮನೆ, ಶಾಲೆ, ಬೀದಿ ತೋರಿಸಿದರೂ ಗುರುತು ಬಿಟ್ಟುಕೊಟ್ಟ ಹಾಗೇ. ಸಣ್ಣ ಊರಿನಲ್ಲಿ ಮುಖ ಮಸುಕು ಮಾಡಿ ಏನು ಪ್ರಯೋಜನ? ಹಿಂದೆ ಕಾಣೋ ಅಡಿಕೆ ಅಂಗಳ ನೋಡಿದ್ರೆ ಯಾರ ಮನೆ ಅಂತ ಇಡೀ ಹೋಬಳಿಗೆ ಗೊತ್ತಾಗುತ್ತೆ.

ಉಳಿದ ನಿಮ್ಮೆಲ್ಲರಿಗೂ ಒಂದು ಮಾತು. ಕ್ಯಾಮೆರಾ ಮುಂದೆ ಕೂರೋ ಮೊದಲು ಅವರು ಒಂದು ಕಾಗದಕ್ಕೆ ಸಹಿ ಕೇಳ್ತಾರೆ. ರಿಲೀಸ್ ಫಾರಂ ಅಂತಾರೆ. ‘ಸುಮ್ನೆ ಫಾರ್ಮಾಲಿಟಿ ಅಮ್ಮ’ ಅಂತಾರೆ. ಫಾರ್ಮಾಲಿಟಿ ಅಲ್ಲ ಅದು. ಸಾಮಾನ್ಯವಾಗಿ ಅದರಲ್ಲಿ ಬರೆದಿರೋದು ಏನು ಅಂದ್ರೆ, ನಿಮ್ಮ ಮಾತನ್ನು ಜಗತ್ತಿನ ಎಲ್ಲೇ ಆಗಲಿ, ಯಾವುದೇ ಮಾಧ್ಯಮದಲ್ಲಿ ಆಗಲಿ, ಎಷ್ಟೇ ಕಾಲ ಆಗಲಿ, ಹೇಗೆ ಬೇಕಾದರೂ ಕತ್ತರಿಸಿ ಬಳಸಬಹುದು ಅಂತ. ತೋಟದ ಕರಾರು ಪತ್ರ ಆದರೆ ಹತ್ತು ಜನಕ್ಕೆ ತೋರಿಸ್ತೀರಿ. ಇದನ್ನೂ ತೋರಿಸಿ. ಕನ್ನಡದಲ್ಲಿ ಕೊಡಿ ಅನ್ನಿ. ಒಂದು ಪ್ರತಿ ಇಟ್ಕೊಳ್ಳಿ. ನನ್ನ ಮಾತು ಎಲ್ಲಿ ಬರುತ್ತೆ, ನನ್ನ ಮುಂದೆ ಹಿಂದೆ ಯಾರು ಮಾತಾಡ್ತಾರೆ ಅಂತ ಕೇಳಿ. ಮನೆಯ ಮಕ್ಕಳನ್ನು ಚೌಕಟ್ಟಿನ ಆಚೆ ಇಡಿ ಅನ್ನಿ. ಬೇಡ ಅನ್ನಿಸಿದ್ರೆ ಬೇಡ ಅನ್ನಿ. ಅತಿಥಿ ಅಂತ ಕಷಾಯ ಕೊಟ್ಟಿದ್ದೀರಿ ಅಂದಮಾತ್ರಕ್ಕೆ ನಿಮ್ಮ ದುಃಖವನ್ನೂ ಕೊಡಬೇಕಾಗಿಲ್ಲ.

ನೋಡೋರು ಕೂಡ ನಾವೇ ಅಲ್ವಾ? ನಾವು ಏನನ್ನು ನೋಡ್ತೀವೋ ಅದನ್ನೇ ಅವರು ತೆಗೀತಾರೆ. ಮುಂದಿನ ಸಲ ಇಂಥ ಸಾಕ್ಷ್ಯಚಿತ್ರ ನೋಡುವಾಗ ಎರಡು ವಿಷಯ ಗಮನಿಸಿ. ಬಾಗಿಲು ತೆಗೆದದ್ದು ಯಾರು? ಸತ್ತವರ ಬಗ್ಗೆ, ಅವರು ಹೇಗೆ ಸತ್ತರು ಅನ್ನೋದನ್ನು ಬಿಟ್ಟು ಬೇರೆ ಒಂದಾದರೂ ವಿಷಯ ನಿಮಗೆ ಗೊತ್ತಾಯ್ತಾ? ಶ್ರೀನಿವಾಸ್ ಗೋಪಿನಾಥಂನಲ್ಲಿ ಗುಡಿ ಕಟ್ಟಿಸಿದ್ದರು ಅನ್ನೋ ಥರದ ಒಂದೇ ಒಂದು ವಿಷಯ. ಗೊತ್ತಾಗಿದ್ದರೆ ಅದನ್ನು ತೆಗೆದವನು ಕೆಲಸ ಬಲ್ಲವನು. ಗೊತ್ತಾಗದೇ ಹೋದರೆ, ಎಷ್ಟೇ ಪ್ರಶಸ್ತಿ ಬಂದಿರಲಿ, ಅವನು ಕೊಂದವನಿಗೇ ಇನ್ನೊಂದು ಪೋಸ್ಟರ್ ಅಂಟಿಸಿ ಹೋಗಿದ್ದಾನೆ ಅಂತಲೇ ಲೆಕ್ಕ.

ಮಳೆ ಜೋರಾಗ್ತಿದೆ. ದೂರದ ಹಳ್ಳಿಗಳಿಂದ ಬಂದೋರು ಇದ್ದೀರಿ. ಹುಷಾರಾಗಿ ಮನೆ ಸೇರಿಕೊಳ್ಳಿ.